ಕೆಂಪು ದಾರ ಕಟ್ಟಿದ ಬಾಟಲಿ

ಬೆಳಿಗ್ಗೆ ಹನ್ನೊಂದು ಇಪ್ಪತ್ತಕ್ಕೆ ಆ ಬಾಟಲಿಗೆ ಸ್ಪಿರಿಟ್ ಸುರಿದವನು ನಾನು. ಸಿದ್ದಪ್ಪಣ್ಣ, ನೀವಲ್ಲ. ನಿಮಗೆ ಮುಖತಃ ಹೇಳಿದ್ದಾಯಿತು. ನಿಮ್ಮನ್ನು ಆಡಿಕೊಂಡವರೂ ಓದಲೆಂದು ಈಗ ಬರೆಯುತ್ತಿದ್ದೇನೆ — ಆರು ವರ್ಷ ತಡವಾಗಿ.

ಆಗ ನಾನು ಚಾಮರಾಜನಗರದ ಕಾಲೇಜೊಂದರಲ್ಲಿ ರಸಾಯನಶಾಸ್ತ್ರದ ಹೊಸ ಅಧ್ಯಾಪಕ. ನೀವು ಉಡಿಗಾಲದಿಂದ ಬಸ್ಸಿನಲ್ಲಿ ಬರುತ್ತಿದ್ದ ಲ್ಯಾಬ್ ಅಟೆಂಡರ್. ಇಂಗ್ಲಿಷ್ ಲೇಬಲ್ ಓದಲು ಬಾರದೆಂದು ಬಾಟಲಿಗಳ ಕೊರಳಿಗೆ ದಾರ ಕಟ್ಟುತ್ತಿದ್ದಿರಿ. ಬಳಸಿ ಉಳಿದ ನೈಟ್ರಿಕ್ ಆಮ್ಲಕ್ಕೆ ಕೆಂಪು, ಗಾಜಿನ ಸಾಮಾನು ತೊಳೆದ ಸ್ಪಿರಿಟ್ಟಿಗೆ ಹಸಿರು.

"ಕೆಂಪ್ಗೆ ಹಸ್ರು ಸೇರ್ಸ್‌ಬ್ಯಾಡಿ ಸಾ, ಎರಡ್ಕೂ ಆಗ್ಬರಕಿಲ್ಲ" ಅಂದಿದ್ದಿರಿ.

"ಬಾಟ್ಲಿಗೂ ತಾಯ್ತ ಕಟ್ಬುಟ್ಟಿದ್ದೀರಲ್ಲಣ್ಣ!" ಎಂದು ವಿದ್ಯಾರ್ಥಿಗಳ ಎದುರಿಗೇ ನಕ್ಕಿದ್ದೆ.

ಆ ದಿನ ಇನ್ನೇನು ಬೆಲ್ ಹೊಡೆಯುವುದರಲ್ಲಿತ್ತು. ಹಸಿರು ದಾರದ ಬಾಟಲಿ ತುಂಬಿತ್ತು. ಕೈಯಲ್ಲಿದ್ದ ಸ್ಪಿರಿಟ್ಟನ್ನು ಕೆಂಪು ದಾರದ್ದಕ್ಕೆ ಸುರಿದೆ. ವಾಸನೆ ಬರುತ್ತದೆಂದು ಮುಚ್ಚಳ ಬಿಗಿದೆ. ಅವೆರಡು ಸೇರಿದರೆ ಅನಿಲ ಎದ್ದು ಬಾಟಲಿ ಸಿಡಿಯಬಹುದೆಂದು ಗೊತ್ತಿರಲಿಲ್ಲವೇ? ಅದನ್ನೇ ಪಾಠ ಮಾಡುತ್ತಿದ್ದೆ. ಆದರೂ — ಒಂದು ಲೋಟದಷ್ಟು ತಾನೇ...

ಅರ್ಧ ಗಂಟೆಯ ಮೇಲೆ ನೀವು ಅದನ್ನು ಎತ್ತಿಕೊಂಡಿರಿ.

"ಇದ್ಯಾಕ್ ಸಾ, ಇಷ್ಟ್ ಬಿಸಿ ಆಗದೆ?"

"ಏನಾಗಲ್ಲ, ಆಚೆ ಇಟ್ಬುಡಿ."

ಬಾಗಿಲು ದಾಟುವ ಮೊದಲೇ ಆ ಸದ್ದು. ಕಂದು ಹೊಗೆ. ನೆಲದಲ್ಲಿ ಗಾಜು, ನಿಮ್ಮ ಮುಖದ ಮೇಲೆ — ನಾನು ನೀರು ಸುರಿಯುತ್ತಲೇ ಇದ್ದೆ. ಎಡಗಣ್ಣು ಉಳಿಯಲಿಲ್ಲ.

ಬಾಟಲಿಗಳನ್ನು ನೋಡಿಕೊಳ್ಳುವವರು ಯಾರೆಂದು ಪ್ರಾಂಶುಪಾಲರು ಕೇಳಿದರು. "ಸಿದ್ದಪ್ಪ, ಸಾರ್. ಲೇಬಲ್ ಓದಕ್ಕೆ ಬರಲ್ಲ" ಅಂದೆ. ಅದರಲ್ಲಿ ಒಂದು ಪದವೂ ಸುಳ್ಳಿರಲಿಲ್ಲ. ಅದೇ ನನ್ನ ಜಾಣತನ. ನಿಮ್ಮ ಕೆಲಸ ಹೋಯಿತು.

ನಾನು ಗುಂಡ್ಲುಪೇಟೆಗೆ ಬಂದೆ. ಪ್ರಯೋಗ ಮಾಡುತ್ತ ಕಣ್ಣು, ಬೆರಳು ಕಳೆದುಕೊಂಡ ದೊಡ್ಡ ರಸಾಯನಶಾಸ್ತ್ರಜ್ಞರ ಬದುಕನ್ನು ಇಲ್ಲಿನ ತರಗತಿಯಲ್ಲಿ ಹೇಳುತ್ತೇನೆ, ಮಕ್ಕಳು ಬೆರಗಾಗುತ್ತಾರೆ. ಅವರ ಬಾಟಲಿ ತೊಳೆದವರು ಏನಾದರು ಎಂದು ಯಾರೂ ಕೇಳಿಲ್ಲ. ಕೇಳಿದ್ದರೆ — ಗೊತ್ತಿಲ್ಲ, ಆಗಲೂ ಸುಮ್ಮನಿರುತ್ತಿದ್ದೆನೇನೋ. ರಾತ್ರಿ ಮಾತ್ರ ಆ ಸದ್ದಿಗೆ ಎಚ್ಚರವಾಗುತ್ತಿತ್ತು. ಪ್ರತಿ ಸಲವೂ ನೀವು ಬಾಗಿಲ ಕಡೆಗೆ ನಡೆಯುತ್ತಿರುತ್ತಿದ್ದಿರಿ. ಪ್ರತಿ ಸಲವೂ ನನ್ನ ಬಾಯಿಂದ ಅದೇ ಮಾತು: "ಏನಾಗಲ್ಲ."

ಕಳೆದ ತಿಂಗಳು ನಡೆದದ್ದೆಲ್ಲ ಬರೆದು, ಸಹಿ ಹಾಕಿ, ಆ ಕಾಲೇಜಿಗೆ ಕೊಟ್ಟೆ. ಭಾನುವಾರ ಅದರ ಪ್ರತಿ ಹಿಡಿದು ನಿಮ್ಮ ಮನೆಗೆ ಬಂದು ಓದಿ ಹೇಳಿದೆ. ನೀವು ಬೈಯಲಿಲ್ಲ. ಅಂಗೈ ತಿರುಗಿಸಿ ನೋಡಿಕೊಂಡಿರಿ.

"ದಾರವ ನಾನೇ ತಪ್ಪಾಗ್ ಕಟ್ಬುಟ್ನೇನೋ ಅನ್ಕಂಡಿದ್ದೆ ಕಣ ಸಾ. ಕೈ ಮ್ಯಾಲೆ ನಂಬ್ಕೇನೆ ಓಗಿತ್ತು... ಮೊಮ್ಮಗಳ್ನೂ ಎತ್ಕತಿರ್ನಿಲ್ಲ."

ಕಣ್ಣಿನ ಮಾತಿಗೆ ನಾನು ಸಿದ್ಧನಾಗಿ ಬಂದಿದ್ದೆ. ಈ ಮಾತಿಗಲ್ಲ.

ಆ ಭಾನುವಾರ, ಆರು ವರ್ಷಗಳಲ್ಲಿ ಮೊದಲ ಸಲ, ಬೆಳಗಿನವರೆಗೆ ನನಗೆ ನಿದ್ದೆ ಬಂತು. ನಿಮಗೆ ಬಂತೋ ಇಲ್ಲವೋ — ಕೇಳುವ ಮುಖ ನನಗಿಲ್ಲ.