ಹಳದಿ ಹೂವಿನ ಕುಲ

ನಮ್ಮ ಅತ್ತಿ ವಿಜಯಪುರದಿಂದ ಮರಾಠಿ ಸೀಮೆಯ ಖರಾಡಿಯ ನಮ್ಮ ಫ್ಲ್ಯಾಟಿಗೆ ಬಂದಾಗ ಅವರಿಗೆ ಎಲ್ಲಕ್ಕಿಂತ ಬೇಸರವಾದದ್ದು ಪೂಜೆಯ ಹೂವನ್ನು ಪ್ಲಾಸ್ಟಿಕ್ ಚೀಲದಲ್ಲಿ ತರುವುದು. ಮಳೆಗಾಲ ಮುಗಿಯುತ್ತ ಬಂದಾಗ ತಾವೇ ಹೋಗಿ ನರ್ಸರಿಯಿಂದ ಒಂದು ಕುಂಡ ತಂದರು. ಸೊಂಟದೆತ್ತರದ ಗಿಡ, ತುದಿಯ ತುಂಬ ಸಾಸಿವೆಯಷ್ಟು ಸಣ್ಣ ಹಳದಿ ಹೂ. ನರ್ಸರಿಯವನು ಅದನ್ನು ಸೋನಕಿ ಅಂದನಂತೆ. ಅವರಿಗೆ ಮರಾಠಿ ಅರ್ಧ ತಿಳಿಯುತ್ತದೆ. ಸೇವಂತಿಗೆಯದೇ ಒಂದು ನಮೂನಿ ಇರಬೇಕು ಅಂದುಕೊಂಡು ಮರುದಿನದಿಂದಲೇ ದೇವರಿಗೆ ಏರಿಸತೊಡಗಿದರು.

ಅದೇ ವಾರ ಅವರಿಗೆ ಸೀನು ಹತ್ತಿತು. ಬೆಳಗ್ಗೆ ಎದ್ದರೆ ಸೀನು, ಸಂಜೆಗೆ ಎದೆಯಲ್ಲಿ ಸಿಳ್ಳೆಯಂಥ ಸದ್ದು. ಕೆಳಗಿನ ಮನೆಯವರು ಲಿಫ್ಟಿನಲ್ಲಿ ನಮ್ಮನೆಯವರಿಗೆ ಹೇಳಿದರು: ಅದು ಸೋನಕಿ ಅಲ್ಲ, ಹೂಗುಚ್ಛದಲ್ಲಿ ಇಡುವ ಗೋಲ್ಡನ್ ರಾಡ್, ಅಮೆರಿಕದಲ್ಲಿ ಜನ ಸೀನುವುದೇ ಅದರಿಂದ. ನಮ್ಮನೆಯವರು ಆ ಸಂಜೆಯೇ ಕುಂಡವನ್ನು ಪಾರ್ಕಿಂಗಿಗೆ ಒಯ್ದಿಟ್ಟರು.

ಅತ್ತಿ ಜಗಳ ಮಾಡಲಿಲ್ಲ. ಮರುದಿನ ಹೂವಿಲ್ಲದೆ ಪೂಜೆ ಮುಗಿಸಿ, ನಾನು ಕೊಟ್ಟ ಚಹಾ ಮುಟ್ಟದೆ ಕೂತರು. ಮಗನ ಮೇಲಿನ ಸಿಟ್ಟೋ ಗಿಡದ ಮೇಲಿನ ಸಂಶಯವೋ ನನಗೆ ಗೊತ್ತಾಗಲಿಲ್ಲ. ಗಿಡದ ಒಂದು ಟೊಂಗೆ ಮುರಿದುಕೊಂಡು ಮೇಲಿನ ಮಹಡಿಗೆ ಹೋದೆ. ಅಲ್ಲಿ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸಿ ನಿವೃತ್ತರಾದ ಮ್ಯಾಡಮ್ ಇದ್ದಾರೆ.

ಅವರು ಭೂತಗನ್ನಡಿ ಹಿಡಿದು ಬಹಳ ಹೊತ್ತು ನೋಡಿದರು. ಆಮೇಲೆ ಮರಾಠಿಯಲ್ಲಿ ನಿಧಾನವಾಗಿ ವಿವರಿಸಿದರು. ಸೋನಕಿ ಸಹ್ಯಾದ್ರಿಯ ಬೇರೆ ಹೂವು, ಇದು ಸೊಲಿಡಾಗೊ, ಅಂದರೆ ಕೆಳಗಿನವರು ಹೇಳಿದ ಗೋಲ್ಡನ್ ರಾಡೇ. ನಾನು ಒಂದು ಹೂವು ಅಂದುಕೊಂಡದ್ದು ಒಂದಲ್ಲ, ಹಲವು ಹೂಗಳ ಗೊಂಚಲು. ಇದರ ಪರಾಗ ಅಂಟಂಟು, ಜೇನುಹುಳ ಒಯ್ಯಬೇಕೇ ಹೊರತು ಗಾಳಿಗೆ ಹೆಚ್ಚು ಹಾರುವುದಿಲ್ಲ. ಸೀನಿಗೆ ಕಾರಣ ಬೇಕಾದರೆ ಹಿಂದಿನ ಖಾಲಿ ಜಾಗದಲ್ಲಿ ಬೆಳೆದ ಕಳೆ, ಆ ಕಾಂಗ್ರೆಸ್ ಕಸ ನೋಡು ಅಂದರು. ನನಗೆ ಸಮಾಧಾನವಾಯಿತು. ಅಷ್ಟರಲ್ಲಿ ಅವರೇ ಸೇರಿಸಿದರು: ಸೂರ್ಯಕಾಂತಿ, ಸೇವಂತಿಗೆ, ಈ ಹೂವು, ಆ ಕಸ, ಎಲ್ಲವೂ ಒಂದೇ ಕುಳ. ಮರಾಠಿಯಲ್ಲಿ ಸಸ್ಯದ ಕುಟುಂಬಕ್ಕೆ ಕುಳ ಅನ್ನುತ್ತಾರೆ, ನಮ್ಮ ಕುಲವೇ ಅದು.

ಮನೆಗೆ ಬಂದು ಅತ್ತಿಯ ಮುಂದೆ, ಇದು ಸೇವಂತಿಗೆಯದೇ ಕುಲವಂತೆ ಅಂದೆ. ಅವರ ಮುಖ ಅರಳಿತು.

"ಶಾವಂತಗಿ ಕುಲ ಅಂದ್ರ ದೇವರಿಗೆ ನಡೀತದ. ಕುಂಡ ಮ್ಯಾಲ ತರಸು."

"ಆ ಕಾಂಗ್ರೆಸ್ ಕಸಾನೂ ಅದೇ ಕುಲ ಅಂತ್ರಿ ಅತ್ತಿ."

ಅವರು ನನ್ನನ್ನೇ ನೋಡಿದರು. "ಹಂಗಾರ ಯಾವ್ದು ನಂಬೂದು?"



ಮುಂದಿನ ಕೆಲವೇ ದಿನಗಳಲ್ಲಿ ಎಲ್ಲ ಒಟ್ಟಿಗೇ ನಡೆಯಿತು. ಡಾಕ್ಟರು ಗುಳಿಗೆ ಕೊಟ್ಟರು. ಅಪಾರ್ಟ್‌ಮೆಂಟಿನ ಸೊಸೈಟಿಯವರು ಹಿಂದಿನ ಕಸ ಕೀಳಿಸಿದರು. ಮ್ಯಾಡಮ್ ಮಾತಿಗೆ ಒಪ್ಪಿ ನಮ್ಮನೆಯವರು ಕುಂಡ ಮೇಲೆ ತಂದರು, ಆದರೆ ಬಾಲ್ಕನಿಯ ತೀರ ಮೂಲೆಗೆ. ಮಳೆಯೂ ನಿಂತಿತು. ಅತ್ತಿಯ ಸೀನು ಕಡಿಮೆಯಾಯಿತು. ನಮ್ಮನೆಯವರು ಗುಳಿಗೆಯಿಂದ ಅನ್ನುತ್ತಾರೆ, ಕೆಳಗಿನವರು ಕುಂಡ ಮೂಲೆಗಿಟ್ಟದ್ದಕ್ಕೆ ಅನ್ನುತ್ತಾರೆ. ನನಗೆ ಇವತ್ತಿಗೂ ತಿಳಿದಿಲ್ಲ.

ಗಿಡದ ಪೂರ್ತಿ ಹೆಸರಾದರೂ ಸಿಗಲಿ ಅಂತ ಮತ್ತೆ ಮೇಲೆ ಹೋದೆ. ಮ್ಯಾಡಮ್ ಕಾಂಡದ ರೋಮ, ಎಲೆಯ ನರ ಎಲ್ಲ ನೋಡಿ ಇನ್ನಷ್ಟು ಗೊಂದಲಕ್ಕೆ ಬಿದ್ದರು. ಕೆನಡಾದ್ದು ಅನ್ನುವ ಪ್ರಭೇದ ಒಂದಿದೆ, ಅದನ್ನೇ ಹೋಲುವ ಎತ್ತರದ್ದು ಇನ್ನೊಂದು. ಕೆಲವರು ಎರಡನ್ನೂ ಒಂದೇ ಅನ್ನುತ್ತಾರೆ, ಕೆಲವರು ಬೇರೆ ಮಾಡುತ್ತಾರೆ. ನರ್ಸರಿಯದು ಮಿಶ್ರತಳಿಯೂ ಇದ್ದೀತು. ಇಷ್ಟು ವರ್ಷ ಕಲಿಸಿದ ಮೇಲೂ ಖಚಿತವಾಗಿ ಹೇಳಲಾರೆ ಅಂತ ಅವರು ನಕ್ಕರು. ಆ ನಗು ನನಗೆ ಹಿಡಿಸಿತು, ಆದರೆ ಮೆಟ್ಟಿಲಿಳಿಯುವಾಗ ತಲೆ ಮೊದಲಿಗಿಂತ ಭಾರವಾಗಿತ್ತು.

ಅತ್ತಿ ಬಾಲ್ಕನಿಯಲ್ಲಿ ಒಣ ಎಲೆ ಕೀಳುತ್ತಿದ್ದರು. ಹೆಸರು ಸಿಕ್ಕಿತೇನು ಅಂತ ಕೇಳಿದರು. ಇಲ್ಲ ಅಂದೆ.

"ಇರ್ಲಿ ಬಿಡು. ಬೇರು ಭಾಳ ಹಬ್ಬ್ಯಾವ, ದೊಡ್ಡ ಕುಂಡ ಬೇಕಾಗ್ತದ," ಅಂದರು.