ಮೂರನೆಯ ಒಲೆಗುಂಡು

ನಮ್ಮ ಕಟ್ಟಿಗೆ ಒಲೆಗೆ ಮೂರು ಗುಂಡು. ಎರಡು ಸಾಧಾರಣ ಕಲ್ಲು. ಮೂರನೆಯದು ಮಾತ್ರ ಕಪ್ಪಗೆ, ಅಲ್ಲಲ್ಲಿ ನೀಲಿ ಗೆರೆ, ತೆಂಗಿನಕಾಯಿ ಗಾತ್ರ. ಅಬಲೂರಿನ ಕಡೆ ಇರುವ ನಮ್ಮ ಹೊಲದಲ್ಲಿ ಬಾವಿ ತೋಡುವಾಗ ಸಿಕ್ಕಿದ್ದಂತೆ. ಎಷ್ಟು ಉರಿ ಹಾಕಿದರೂ ಬಿರಿಯುವುದಿಲ್ಲವೆಂದು ನಮ್ಮ ಅಜ್ಜಿಯ, ಅಂದರೆ ಅಪ್ಪನ ತಾಯಿಯ, ಅತ್ತೆಯ ಕಾಲದಲ್ಲೇ ಅದನ್ನು ಒಲೆಯ ಎಡಕ್ಕೆ ಹೂಡಿದ್ದರು. ಅವ್ವ ಚಿಕ್ಕೇರೂರಿಗೆ ಸೊಸೆಯಾಗಿ ಬಂದ ದಿನದಿಂದ ಅದರ ಪಕ್ಕದಲ್ಲಿ ಕುಳಿತೇ ರೊಟ್ಟಿ ಬಡಿದಳು. ಗ್ಯಾಸ್ ಬಂದ ಮೇಲೂ ರೊಟ್ಟಿಗೆ ಅದೇ ಒಲೆ.

ಆ ಒಲೆಯ ರೊಟ್ಟಿ ಒಂದು ಮಗ್ಗುಲು ಬೆಂದರೆ ಇನ್ನೊಂದು ಮಗ್ಗುಲು ಹಸಿ. ಅವ್ವ ಅಡುಗೆಮನೆ ಹೊಕ್ಕಳೆಂದರೆ ಮುಗಿಯಿತು, ಹೊರಗೆ ಬರುವ ಹೊತ್ತೇ ಗೊತ್ತಿಲ್ಲ.

"ನಾಕ ರೊಟ್ಟಿಗೆ ಎಷ್ಟ ಹೊತ್ತವಾ? ಒಲಿ ಮುಂದ ಬೇರು ಬಿಟ್ಟೀಯೇನು?" ಎಂದು ಪಡಸಾಲೆಯಿಂದ ಅಜ್ಜಿ.

"ಈಗರ ಕುಂತೇನ್ರಿ ಅತ್ತಿ" ಎಂದು ಒಳಗಿನಿಂದ ಅವ್ವ.

ಇದನ್ನು ಕೇಳುತ್ತಲೇ ನಾನು ಬೆಳೆದೆ. ಅಜ್ಜಿಯ ಬಾಯಲ್ಲಿ ಅವ್ವನಿಗೆ ಮೈಗಳ್ಳಿ ಎಂಬ ಹೆಸರು ಕಾಯಂ. ನಿಜ ಹೇಳಬೇಕೆಂದರೆ ನನಗೂ ಅವ್ವನ ಮೇಲೆ ಸಿಟ್ಟೇ ಇತ್ತು. ರೊಟ್ಟಿ ತಡವಾಗಿ ದಿನಾ ಶಾಲೆಯ ಬಾಗಿಲ ಹೊರಗೆ ನಿಲ್ಲುತ್ತಿದ್ದವಳು ನಾನು. ಈಗ ಹಾನಗಲ್ಲಿನಲ್ಲಿ ನಾನೇ ಶಿಕ್ಷಕಿ. ತಡ ಮಾಡುವವರನ್ನು ಕಂಡರೆ ಈಗಲೂ ಮೈ ಉರಿಯುತ್ತದೆ.

ಬೈಗುಳ ಅಷ್ಟಕ್ಕೇ ನಿಂತಿದ್ದರೆ ಸರಿಯಿತ್ತು. ನನಗೆ ಎಂಟು ವರ್ಷವಿದ್ದಾಗ, ನಾಗರಪಂಚಮಿ ಮುಗಿದ ನಾಲ್ಕನೆಯ ದಿನ, ಅವ್ವನ ತವರು ಹಿರೇಬೆಂಡಿಗೇರಿಯಿಂದ ಪಕ್ಕದ ಮನೆಗೆ ಫೋನು ಬಂತು. "ಅಪ್ಪಗ ಆರಾಮಿಲ್ಲ, ನಿನ್ನ ಕೇಳಾಕತ್ತಾನ, ಲಗೂ ಬಾ" ಎಂದಿಷ್ಟೇ ಸುದ್ದಿ. ಮನೆಯವರೆಲ್ಲ ಹೊಲಕ್ಕೆ ಹೋಗಿದ್ದರು. ಹಾನಗಲ್ ಬಸ್ಸಿಗೆ ಮುಕ್ಕಾಲು ತಾಸು ಇತ್ತು. ಅವ್ವ ನನ್ನನ್ನು ಮುಂಬಾಗಿಲ ಕಟ್ಟೆಯ ಮೇಲೆ ಕೂರಿಸಿ, "ನಾಕ ರೊಟ್ಟಿ ಬಡದು ಬಂದೆ" ಎಂದು ಒಳಗೆ ಹೋದಳು. ಬಸ್ಸು ಬಂತು, ಹೋಯಿತು. ಮುಂದಿನ ಬಸ್ಸು ಹಿಡಿದು, ಹಾನಗಲ್ಲಿನಲ್ಲಿ ಕಾದು, ಶಿಗ್ಗಾಂವಿಯಲ್ಲಿ ಮತ್ತೆ ಕಾದು ನಾವು ಮುಟ್ಟುವಷ್ಟರಲ್ಲಿ ಅವ್ವನ ಅಪ್ಪ ತೀರಿಕೊಂಡು ಅರ್ಧ ತಾಸಾಗಿತ್ತು.

"ನಾಕ ರೊಟ್ಟಿ ಸಲುವಾಗಿ ಹಡದಪ್ಪನ ಮಾರಿ ನೋಡಲಿಲ್ಲ" ಎಂಬ ಮಾತು ಎರಡೂ ಊರಲ್ಲಿ ಉಳಿದುಬಿಟ್ಟಿತು. ಮಾವಂದಿರು ವರ್ಷಗಟ್ಟಲೆ ಅವ್ವನೊಂದಿಗೆ ಸರಿಯಾಗಿ ಮಾತಾಡಲಿಲ್ಲ. ಅವ್ವ ಒಂದು ದಿನವೂ ಎದುರಾಡಲಿಲ್ಲ.

ಹೋದ ಬೇಸಿಗೆಯ ರಜೆಯಲ್ಲಿ ನಾನು ಊರಲ್ಲಿದ್ದಾಗ ಕಲ್ಲುಗಳ ಅಭ್ಯಾಸ ಮಾಡುವ ಹೆಂಗಸೊಬ್ಬರು ನಮ್ಮ ಒಲೆಗುಂಡಿನ ಸುದ್ದಿ ಕೇಳಿ ಮನೆಗೆ ಬಂದರು. ಸವಣೂರಿನ ಎಲೆತೋಟದ ಬಾವಿಯೊಂದರಲ್ಲಿ ಅವರಿಗೆ ಇಂಥದ್ದೇ ಕಲ್ಲಿನ ಉಗುರಿನಷ್ಟು ಚೂರು ಸಿಕ್ಕಿತ್ತಂತೆ. ಅದರ ಪಕ್ಕದಲ್ಲಿಟ್ಟ ವೀಳ್ಯದೆಲೆ ಬೇಗ ಬಾಡುವುದೇ ಇಲ್ಲವಂತೆ. ಒಂದು ಗಡಿಯಾರವನ್ನು ಮೂರನೆಯ ಗುಂಡಿನ ಹತ್ತಿರ ಇಟ್ಟರು, ಇನ್ನೊಂದನ್ನು ಹೊಸ್ತಿಲ ಮೇಲೆ. ಹೊಸ್ತಿಲಲ್ಲಿ ಒಂದು ತಾಸು ಕಳೆದಾಗ ಒಲೆಯ ಮುಂದಿನದು ನಲವತ್ತೇ ನಿಮಿಷ ಓಡಿತ್ತು.

"ಈ ಕಲ್ಲಿನಿಂದ ಒಂದು ಮೊಳದೊಳಗೆ ಹೊತ್ತೇ ನಿಧಾನ. ಅಲ್ಲಿ ಕುಳಿತವರಿಗೆ ಅದು ತಿಳಿಯುವುದಿಲ್ಲ" ಎಂದರು ಅವರು.

ಜಗತ್ತಿನಲ್ಲಿ ಬಹಳ ಅಪರೂಪದ್ದೆಂದು ಏನೋ ಉದ್ದದ ಹೆಸರು ಬರೆದುಕೊಂಡರು. ಓಣಿಯವರು ಅಲ್ಲೇ ಅದಕ್ಕೆ ತಡಗಲ್ಲು ಎಂದು ಹೆಸರಿಟ್ಟರು. ನನಗೆ ಕಲ್ಲು ಕಟ್ಟಿಕೊಂಡು ಏನಾಗಬೇಕು? ನನ್ನ ತಲೆಯಲ್ಲಿ ಓಡಿದ್ದು ಒಂದೇ: ಹೊರಗಿನ ಮುಕ್ಕಾಲು ತಾಸು ಅವ್ವನಿಗೆ ಬರೀ ಅರ್ಧ ತಾಸು. ಬಸ್ಸಿಗೆ ಇನ್ನೂ ಹೊತ್ತಿದೆ ಎಂದೇ ಅವಳು ಕುಳಿತಿದ್ದಳು!

"ಕೇಳಿದೇನಜ್ಜಿ? ಇಷ್ಟ ವರ್ಷ ಮೈಗಳ್ಳಿ ಮೈಗಳ್ಳಿ ಅಂದಿ. ಈಗೇನಂತಿ?" ಎಂದು ಎಂಬತ್ತು ದಾಟಿದ ಮುದುಕಿಯ ಮೇಲೆ ಏರಿಹೋದೆ.

ಅಜ್ಜಿ ಗುಂಡಿನ ಕಡೆ ಕೈ ತೋರಿದಳು. "ನಾನೂ ಅಲ್ಲೇ ಕುಂತಾಕಿ. ನಮ್ಮತ್ತಿ ನನಗೂ ಹಿಂಗ ಬೈತಿದ್ದಳು. ಒಲಿ ಸೊಸಿ ಕೈಗೆ ಕೊಟ್ಟ ಮ್ಯಾಲ ನಾ ಚುರುಕಾದೆ ಅಂತ ತಿಳದಿದ್ದೆ" ಎಂದಳು. ಆಮೇಲೆ ಅವ್ವನ ಕೈ ಹಿಡಿದು, "ತಪ್ಪಾತವಾ. ಕಲ್ಲಿನ ತಪ್ಪು ನಿನ್ನ ತಲಿಗೆ ಕಟ್ಟಿದೆ" ಎಂದಳು.

ಅಜ್ಜಿ ತಪ್ಪಾಯಿತು ಎಂದದ್ದನ್ನು ನಾನು ಕೇಳಿದ್ದು ಅದೇ ಮೊದಲು. ಹಿರೇಬೆಂಡಿಗೇರಿಯ ಮಾವನಿಗೆ ಈಗಲೇ ಹೇಳಬೇಕೆಂದು ಫೋನು ತೆಗೆದೆ.

"ಬ್ಯಾಡ, ಇಡದನ್ನ" ಎಂದಳು ಅವ್ವ. "ಆವತ್ತ ನಾ ಒಲಿ ಹಚ್ಚಿದ್ದಿಲ್ಲ."

ನಾನು ಫೋನು ಕೆಳಗಿಟ್ಟೆ. ಅವ್ವ ಮುಂದುವರಿಸಿದಳು.

"ಪಂಚಮಿ ಆಗಿ ನಾಕ ದಿನ. ಕಟಕ ರೊಟ್ಟಿ ಬುಟ್ಟಿ ತುಂಬ ಇದ್ದೂ. ಅಂಥಾದ್ರಾಗ ಯಾರರ ಹೊಸಾ ರೊಟ್ಟಿ ಬಡೀತಾರೇನು?"

ಪ್ರತಿ ಪಂಚಮಿಗೂ ಮುಂಚಿತವಾಗಿ ರೊಟ್ಟಿ ಬಡಿದು, ಕಟಕಾಗುವಂತೆ ಒಣಗಿಸಿ, ಹತ್ತು ದಿನ ಅದನ್ನೇ ತಿನ್ನುವ ಜನ ನಾವು. ಎರಡೂ ಊರಲ್ಲಿ ಒಬ್ಬರಿಗೂ ಇದು ಹೊಳೆದಿರಲಿಲ್ಲ. ನನಗೂ ಇಲ್ಲ. ನಾಚಿಕೆಯಾಯಿತು.

"ಮತ್ತ ಒಳಗ ಏನ ಮಾಡ್ತಿದ್ದಿ ಅವ್ವಾ?" ಎಂದೆ.

"ಹಿತ್ತಲದಾಗ ಸುಮ್ನ ಕುಂತಿದ್ದೆ. ಆ ವರ್ಷ ಅಪ್ಪ ನನ್ನ ಪಂಚಮಿಗೆ ಕರಿಯಾಕ ಬಂದಿದ್ದಿಲ್ಲ. ಓಣ್ಯಾಗಿನ ಸೊಸ್ಯಾರೆಲ್ಲಾ ತವರಿಗೆ ಹೋದ್ರು, ನಾ ಒಬ್ಬಾಕಿ ದಾರಿ ನೋಡ್ಕೋತ ಉಳದೆ. ಜಡ್ಡ ಬಿದ್ದಾನಂತ ಯಾರೂ ಹೇಳಿದ್ದಿಲ್ಲ. ಆರಾಮಿಲ್ಲ ಅಂದ್ರ ಜ್ವರಾ ಇರಬೇಕಂದೆ. ಬಸ್ಸಿನ ಹಾರನ್ ಕೇಳಿಸ್ತವಾ ನನಗ. ಕೇಳಿದ್ರೂ ಏಳಲಿಲ್ಲ. ನಾ ಕಾದಂಗ ಅವನೂ ಒಂದೀಟ ಕಾಯಲಿ ಅಂದೆ."