ಕೊರಿಯಾದ ಅಕ್ಷರ, ಗಂಗವ್ವನ ಅರ್ಜಿ

ಟ್ರಂಕನ್ನು ರಾಮದುರ್ಗದ ಬಸ್ಸಿಗೆ ಏರಿಸಿ, ಅದು ಹೊರಡುವತನಕ ಸವದತ್ತಿಯ ಬಿಸಿಲು ತಾಳದೆ ನಿಲ್ದಾಣದೆದುರಿನ ಒಂದು ಸರಕಾರಿ ಕಚೇರಿಯ ಪಡಸಾಲೆಯಲ್ಲಿ ಕುಳಿತೆ. ಪಕ್ಕದಲ್ಲಿ, ಅಣೆಕಟ್ಟು ನೋಡಲು ಬಂದ ಕೊರಿಯಾದ ಎಂಜಿನಿಯರ್ ಪುಟ್ಟ ಟೈಪ್‌ರೈಟರಿನಲ್ಲಿ ಮನೆಗೆ ಪತ್ರ ಕುಟ್ಟುತ್ತಿದ್ದ. ನಮ್ಮ ಒತ್ತಕ್ಷರದಂತೆ ಅವರಲ್ಲೂ ಅಕ್ಷರದ ಕೆಳಗೆ ಅಕ್ಷರ. ಯಂತ್ರ ಅದನ್ನು ಅಚ್ಚುಕಟ್ಟಾಗಿ ಕೂರಿಸುತ್ತಿತ್ತು. “ಈಗ ಕಂಪ್ಯೂಟರಿಗೂ ಕಲಿಸುತ್ತಿದ್ದೇವೆ” ಎಂದ, ಇಂಗ್ಲಿಷಿನಲ್ಲಿ.

ಒಳಗೆ ಗುಮಾಸ್ತ ಗಂಗವ್ವ ಎಂಬ ಮುದುಕಿಯ ಅರ್ಜಿಯನ್ನು ಹಿಂದಕ್ಕೆ ತಳ್ಳಿದ. ಅವಳ ಮನೆ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿತ್ತು. ಬದಲಿ ಜಾಗ ಕೇಳಲು ಇವತ್ತೇ ಕಡೆಯ ದಿನ. ಕನ್ನಡ ಯಂತ್ರದಲ್ಲಿ ಒತ್ತು ಸರಿಯಾಗಿ ಕೂರದ್ದರಿಂದ ಟೈಪಿಸ್ಟ್ ಜಾಗ ಬಿಟ್ಟು, ಆಮೇಲೆ ಪೆನ್ನಿನಿಂದ ತುಂಬಿದ್ದ.

“ಪೆನ್ನಿನ ತಿದ್ದುಪಡಿ ನಡಿಯಂಗಿಲ್ಲಬೇ. ಇಂಗ್ಲಿಷ್‌ನ್ಯಾಗ ಟೈಪ್ ಮಾಡಿಸ್ಕೊಂಡ ಬಾ.”

“ನನ್ನ ಮನಿ ಮುಳಗಿದ್ದು ಕನ್ನಡದಾಗರೀ, ಸಾಹೇಬ್ರ.”

ಹಲ್ಲಿ ಲೊಚಗುಟ್ಟಿದರೂ ಚಿಂತೆಗೆ ಬೀಳುವ ನನಗೆ ಮೈಯೆಲ್ಲ ಉರಿಯಿತು. ಎದ್ದು ಒಳಗೆ ಹೋದೆ.

“ಕೊರಿಯಾದವ್ರ ಅಕ್ಷರ ಯಂತ್ರದಾಗ ಕುಂದರತಾವ. ನಮ್ಮವು ಕುಂದರದಿದ್ರ ಈ ತಾಯಿ ತಪ್ಪೇನ್ರಿ? ಅರ್ಜಿಗೆ ಶಿಕ್ಕಾ ಹೊಡೀರಿ. ಅಲ್ಲೀತನಕ ನಾ ಏಳಂಗಿಲ್ಲ!” ಎಂದು ಗಂಗವ್ವನ ಪಕ್ಕ ನೆಲಕ್ಕೇ ಕುಳಿತೆ. ದನಿ ನಡುಗಿತು, ಗುಮಾಸ್ತ ಅದನ್ನು ಸಿಟ್ಟೆಂದೇ ತಿಳಿದಿರಬೇಕು, ಮೇಜಿನ ಖಾನೆಯಲ್ಲಿ ಮೊಹರು ಹುಡುಕತೊಡಗಿದ. ಹೊರಗೆ ರಾಮದುರ್ಗದ ಬಸ್ಸು ನನ್ನ ಟ್ರಂಕನ್ನು ಹೊತ್ತು ಹೊರಟಿತು.

ನಾನು ಏಳಲಿಲ್ಲ.